ಕಾರ್ಟೂನ್ ಪಾತ್ರಗಳು ನಮ್ಮ ಲೋಕಕ್ಕಿಳಿಯುವ ಚಿತ್ರಗಳು: ಮಳೆ ರಜೆಯಲ್ಲಿ ಮನೆಮಂದಿಗೆ ಯಾವುದನ್ನು ಆರಿಸಬೇಕು?

ಆಷಾಢದ ಮಳೆ ಬಿಡದೆ ಹಿಡಿದು, ಜಿಲ್ಲಾಧಿಕಾರಿಗಳು ಮೂಡಿಗೆರೆ, ಕೊಪ್ಪ, ಶೃಂಗೇರಿ ತಾಲ್ಲೂಕುಗಳ ಶಾಲೆಗಳಿಗೆ ರಜೆ ಘೋಷಿಸಿದ ದಿನ, ಚಿಕ್ಕಮಗಳೂರು ಜಿಲ್ಲೆಯ ಮನೆಗಳಲ್ಲಿ ಮಧ್ಯಾಹ್ನದ ಊಟ ಮುಗಿಯುವ ಹೊತ್ತಿಗೆ ಮಕ್ಕಳ ಬೇಡಿಕೆ ಒಂದೇ: ಯಾವುದಾದರೂ ಸಿನಿಮಾ ಹಾಕಿ. ಹಾಗೆ ಕೂರುವವರಲ್ಲಿ ಒಂದನೇ ತರಗತಿಯ ಮಗು ಇರುತ್ತದೆ, ಹೈಸ್ಕೂಲು ಓದುವ ಅಕ್ಕ ಇರುತ್ತಾಳೆ, ತೋಟದ ಕೆಲಸ ನಿಂತು ಮನೆಯಲ್ಲೇ ಉಳಿದ ಅಪ್ಪ ಇರುತ್ತಾರೆ, ಕನ್ನಡವಲ್ಲದೆ ಬೇರೆ ಭಾಷೆ ಬಾರದ ಅಜ್ಜಿಯೂ ಇರುತ್ತಾರೆ. ಇವರೆಲ್ಲರೂ ಒಟ್ಟಿಗೆ ನೋಡಬಹುದಾದ ಚಿತ್ರವನ್ನು ಹುಡುಕುವಾಗ, ಹಳೆಯ ಕಾರ್ಟೂನ್ ಪಾತ್ರಗಳು ನಿಜವಾದ ಮನುಷ್ಯರ ನಡುವೆ ಓಡಾಡುವ ಚಿತ್ರಗಳು ಬಹಳ ಒದಗಿಬರುತ್ತವೆ. ಟಾಮ್ ಮತ್ತು ಜೆರ್ರಿಯನ್ನಾಗಲಿ ಮಿಕ್ಕಿ ಮೌಸನ್ನಾಗಲಿ ಒಮ್ಮೆಯೂ ನೋಡದವರು ಆ ಕೋಣೆಯಲ್ಲಿ ಯಾರೂ ಇರುವುದಿಲ್ಲವಾದ್ದರಿಂದ, ಪಾತ್ರ ಪರಿಚಯಕ್ಕೆಂದು ಕಾಲ ಹೋಗುವುದಿಲ್ಲ. ಚಿಕ್ಕಮಗಳೂರಿನ ನಮ್ಮ ಬೀದಿಯ ಮಕ್ಕಳನ್ನು ಕೂರಿಸಿಕೊಂಡು ಗೋಡೆಯ ಮೇಲೆ ಪ್ರೊಜೆಕ್ಟರ್‌ನಲ್ಲಿ ಇಂಥ ಚಿತ್ರಗಳನ್ನು ತೋರಿಸುವ ಅಭ್ಯಾಸ ನನಗಿದೆ. ಯಾವ ಚಿತ್ರ ಯಾವ ಮನೆಗೆ ಹೊಂದುತ್ತದೆ, ಯಾವುದು ಹೊಂದುವುದಿಲ್ಲ ಎಂಬುದನ್ನು ಆ ಅನುಭವದ ಮೇಲೆ ಇಲ್ಲಿ ಹೋಲಿಸಿ ಬರೆದಿದ್ದೇನೆ.

ಆರಿಸುವ ಮುನ್ನ ನೋಡಬೇಕಾದದ್ದು

ಮೊದಲು ಭಾಷೆಯ ಮಾತು. ಕನ್ನಡ ಚಿತ್ರರಂಗದಲ್ಲಿ ಡಬ್ಬಿಂಗ್‌ಗೆ ದಶಕಗಳ ಕಾಲ ವಿರೋಧವಿದ್ದ ಕಾರಣ, ಈ ಬಗೆಯ ಹಾಲಿವುಡ್ ಮಕ್ಕಳ ಚಿತ್ರಗಳು ಕನ್ನಡದ ಧ್ವನಿಯಲ್ಲಿ ಸಿಗುವುದು ಅಪರೂಪವಾಗಿ ಉಳಿದಿದೆ. 2021ರ ‘ಟಾಮ್ ಆ್ಯಂಡ್ ಜೆರ್ರಿ’ ಚಿತ್ರ ಅಮೆರಿಕಕ್ಕಿಂತ ಒಂದು ವಾರ ಮೊದಲೇ, ಫೆಬ್ರವರಿ 19ರಂದು, ಭಾರತದ ಚಿತ್ರಮಂದಿರಗಳಿಗೆ ಬಂದಾಗಲೂ ಇಂಗ್ಲಿಷ್, ಹಿಂದಿ, ತಮಿಳು, ತೆಲುಗು ಭಾಷೆಗಳಲ್ಲಿ ಬಂದಿತೇ ಹೊರತು ಕನ್ನಡದಲ್ಲಿ ಬರಲಿಲ್ಲ. ಕಾಫಿ ತೋಟದ ಲೈನು ಮನೆಗಳಲ್ಲಿ ತಮಿಳು ಮಾತಾಡುವ ಮಕ್ಕಳಿಗೆ ಇದರಿಂದ ತೊಂದರೆಯಾಗದಿರಬಹುದು, ಆದರೆ ಕನ್ನಡ ಮಾಧ್ಯಮದ ಎರಡನೇ ತರಗತಿಯ ಮಗುವಿಗೂ ಮನೆಯ ಅಜ್ಜಿಗೂ ಚಿತ್ರದ ಮಾತು ಬಹುಪಾಲು ಕೈಗೆ ಸಿಗುವುದಿಲ್ಲ. ಆದ್ದರಿಂದ ನಮ್ಮ ಕಡೆಯ ಮನೆಗಳಿಗೆ ಚಿತ್ರ ಆರಿಸುವವರು ಎಲ್ಲಕ್ಕಿಂತ ಮೊದಲು ಕೇಳಿಕೊಳ್ಳಬೇಕಾದ ಪ್ರಶ್ನೆ, ಮಾತು ಅರ್ಥವಾಗದಿದ್ದರೂ ಕಣ್ಣಿಗೆ ಎಷ್ಟು ಅರ್ಥವಾಗುತ್ತದೆ ಎಂಬುದೇ ಆಗಿದೆ. ಧ್ವನಿಯನ್ನು ಪೂರ್ತಿ ನಿಲ್ಲಿಸಿ ಚಿತ್ರದ ನಡುವಿನ ಹತ್ತು ನಿಮಿಷವನ್ನು ಒಬ್ಬರೇ ಕೂತು ನೋಡಿದರೆ ಇದಕ್ಕೆ ಉತ್ತರ ಸಿಕ್ಕಿಬಿಡುತ್ತದೆ. ಯಾರು ಯಾರನ್ನು ಅಟ್ಟಿಸಿಕೊಂಡು ಹೋಗುತ್ತಿದ್ದಾರೆ, ಯಾರಿಗೆ ಕೋಪ, ಯಾರಿಗೆ ಭಯ, ಏನು ಮುರಿಯಿತು ಎಂಬುದೆಲ್ಲ ಮೈಯ ಚಲನೆಯಿಂದಲೇ ತಿಳಿದರೆ ಆ ಚಿತ್ರವನ್ನು ನಿಶ್ಚಿಂತೆಯಿಂದ ಹಾಕಬಹುದು.

ಎರಡನೆಯದು, ಪಾತ್ರ ನಿಜಲೋಕಕ್ಕೆ ಬಂದಾಗ ಆ ಲೋಕ ಅದಕ್ಕೆ ಓಗೊಡುತ್ತದೆಯೇ ಎಂಬುದು. ಯಕ್ಷಗಾನದಲ್ಲಿ ನಡುರಾತ್ರಿ ಮಹಿಷಾಸುರನ ವೇಷ ದೊಂದಿಯ ಬೆಳಕಿನಲ್ಲಿ ಸಭೆಯ ಹಿಂದಿನಿಂದ ಅಬ್ಬರಿಸುತ್ತ ಬರುವಾಗ, ಚಾಪೆಯ ಮೇಲೆ ಮಲಗಿದ್ದ ಮಕ್ಕಳು ಎದ್ದು ಕೂರುವುದು ವೇಷದ ಬಣ್ಣಕ್ಕಷ್ಟೇ ಅಲ್ಲ. ಕುರ್ಚಿಗಳು ಸರಿಯುತ್ತವೆ, ಧೂಳೇಳುತ್ತದೆ, ದೊಡ್ಡವರು ದಾರಿ ಬಿಡುತ್ತಾರೆ, ಹಾಗಾಗಿ ಬಂದದ್ದು ನಿಜವೆಂದು ಮಗುವಿಗೆ ಖಾತ್ರಿಯಾಗುತ್ತದೆ. ಕಾರ್ಟೂನ್ ಪಾತ್ರವೂ ಹಾಗೆಯೇ ಬರಬೇಕು: ಅದು ಕೂತರೆ ಸೋಫಾ ಕುಸಿಯಬೇಕು, ಓಡಿದರೆ ಪರದೆ ಅಲುಗಬೇಕು, ದೀಪದ ಕೆಳಗೆ ನಿಂತರೆ ನೆರಳು ಬೀಳಬೇಕು, ಎದುರಿರುವ ನಟನ ನೋಟ ಅದರ ಕಣ್ಣಿನ ಎತ್ತರಕ್ಕೇ ನಿಲ್ಲಬೇಕು. ಇದು ತಂತ್ರಜ್ಞರಿಗೆ ಬಿಟ್ಟ ವಿಷಯವೆಂದು ಭಾವಿಸಬಾರದು. ನಟನ ನೋಟ ಬೇರೆಲ್ಲೋ ಇದ್ದು ಪಾತ್ರ ಇನ್ನೆಲ್ಲೋ ಇದ್ದರೆ ದೊಡ್ಡವರು ಕಥೆಯ ನೆಪದಲ್ಲಿ ಸಹಿಸಿಕೊಂಡಾರು, ಆದರೆ ಐದು ವರ್ಷದ ಮಗು ಆ ಕ್ಷಣದಲ್ಲೇ ಆಸಕ್ತಿ ಕಳೆದುಕೊಂಡು ಎದ್ದು ಹೋಗುತ್ತದೆ.

ಇವುಗಳ ಜೊತೆಗೆ ಹೆದರಿಕೆಯ ದೃಶ್ಯಗಳು, ಕುಡಿತ ಮತ್ತು ಶೃಂಗಾರದ ಮಾತುಗಳು, ಚಿತ್ರದ ಅವಧಿ ಇವನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು. ಪೋಸ್ಟರಿನಲ್ಲಿ ಮೊಲವೋ ಇಲಿಯೋ ಇದ್ದ ಮಾತ್ರಕ್ಕೆ ಚಿತ್ರ ಮಕ್ಕಳದ್ದೇ ಆಗಿರಬೇಕೆಂದಿಲ್ಲ.

ಎಲ್ಲಕ್ಕಿಂತ ಶ್ರೇಷ್ಠವಾದದ್ದು, ಆದರೆ ಎಲ್ಲರಿಗೂ ಸಲ್ಲದ್ದು

ಈ ಬಗೆಯ ಚಿತ್ರಗಳಲ್ಲಿ ಕಲೆಯ ದೃಷ್ಟಿಯಿಂದ ಮೊದಲ ಸ್ಥಾನ 1988ರ ‘ಹೂ ಫ್ರೇಮ್ಡ್ ರೋಜರ್ ರ‍್ಯಾಬಿಟ್’ ಚಿತ್ರಕ್ಕೇ ಸಲ್ಲಬೇಕು ಎಂಬುದರಲ್ಲಿ ನನಗೆ ಸಂದೇಹವಿಲ್ಲ. ರಾಬರ್ಟ್ ಜೆಮೆಕಿಸ್ ನಿರ್ದೇಶನದ ಈ ಚಿತ್ರದಲ್ಲಿ ಆ್ಯನಿಮೇಷನ್ ವಿಭಾಗವನ್ನು ರಿಚರ್ಡ್ ವಿಲಿಯಮ್ಸ್ ಮುನ್ನಡೆಸಿದರು. ಸಂಕಲನ, ವಿಶುವಲ್ ಎಫೆಕ್ಟ್ಸ್, ಧ್ವನಿ ಪರಿಣಾಮಗಳ ಸಂಕಲನ ಎಂಬ ಮೂರು ಆಸ್ಕರ್‌ಗಳ ಜೊತೆಗೆ ವಿಲಿಯಮ್ಸ್ ಅವರಿಗೆ ವಿಶೇಷ ಸಾಧನೆಯ ಆಸ್ಕರ್ ಕೂಡ ದೊರೆಯಿತು. ಕಥೆ ನಡೆಯುವುದು 1947ರ ಲಾಸ್ ಏಂಜಲೀಸ್ ನಗರದಲ್ಲಿ. ಅಲ್ಲಿ ಕಾರ್ಟೂನ್ ಪಾತ್ರಗಳು ಸ್ಟುಡಿಯೊಗಳಲ್ಲಿ ನಟಿಸಿ ಜೀವನ ಸಾಗಿಸುವ ನಿಜವಾದ ಜೀವಿಗಳು, ಅವುಗಳಲ್ಲೊಂದಾದ ರೋಜರ್ ಎಂಬ ಮೊಲದ ಮೇಲೆ ಕೊಲೆಯ ಆರೋಪ ಬರುತ್ತದೆ, ಕಾರ್ಟೂನುಗಳನ್ನು ಕಂಡರಾಗದ ಎಡ್ಡಿ ಎಂಬ ಪತ್ತೇದಾರ ಅದನ್ನು ಕಾಪಾಡಬೇಕಾಗುತ್ತದೆ. ಡಿಸ್ನಿಯ ಮಿಕ್ಕಿ ಮೌಸ್ ಮತ್ತು ವಾರ್ನರ್ ಸಂಸ್ಥೆಯ ಬಗ್ಸ್ ಬನ್ನಿ ಒಂದೇ ದೃಶ್ಯದಲ್ಲಿ ಕಾಣಿಸಿಕೊಂಡದ್ದು ಈ ಚಿತ್ರದಲ್ಲಿಯೇ. ಡೊನಾಲ್ಡ್ ಡಕ್ ಮತ್ತು ಡ್ಯಾಫಿ ಡಕ್ ಎದುರುಬದುರು ಕೂತು ಪಿಯಾನೊ ನುಡಿಸುತ್ತ ಜಗಳವಾಡುವ ದೃಶ್ಯವನ್ನು ಯಾವ ವಯಸ್ಸಿನವರಿಗಾದರೂ ಯಾವ ವಿವರಣೆಯೂ ಇಲ್ಲದೆ ತೋರಿಸಬಹುದು.

ಇದರ ಒಂದು ದೃಶ್ಯವನ್ನು ಹತ್ತಿರದಿಂದ ನೋಡಿದರೆ, ಕಾರ್ಟೂನ್ ಪಾತ್ರವನ್ನು ನಿಜಲೋಕಕ್ಕೆ ತರುವುದೆಂದರೇನು ಎಂಬುದು ಪೂರ್ತಿಯಾಗಿ ತಿಳಿಯುತ್ತದೆ. ಎಡ್ಡಿಯ ಕೈಗೂ ರೋಜರನ ಕೈಗೂ ಒಂದೇ ಬೇಡಿ ಬಿದ್ದಿದೆ. ಬಾರಿನ ಹಿಂದಿನ ಗುಪ್ತ ಕೋಣೆಯಲ್ಲಿ ಎಡ್ಡಿ ಅದನ್ನು ಗರಗಸದಿಂದ ಕೊಯ್ಯಲು ಹೊರಟಿದ್ದಾನೆ. ಆ ಗಡಿಬಿಡಿಯಲ್ಲಿ ಅವನ ತಲೆ ಮೇಲೆ ತೂಗುವ ದೀಪಕ್ಕೆ ಬಡಿಯುತ್ತದೆ, ದೀಪ ಅತ್ತಿತ್ತ ತೂಗತೊಡಗುತ್ತದೆ, ಕೋಣೆಯ ಬೆಳಕು ನೆರಳುಗಳೆಲ್ಲ ಅದರೊಂದಿಗೆ ತೂಗುತ್ತವೆ. ಕಾಗದದ ಮೇಲೆ ಬಿಡಿಸಿದ ಮೊಲದ ಮೈಮೇಲೂ ಆ ಬೆಳಕು ಹಾಗೆಯೇ ಹರಿದಾಡುತ್ತದೆ, ಅದರ ನೆರಳೂ ಎಡ್ಡಿಯ ನೆರಳಿನ ಜೊತೆಗೇ ಉದ್ದವಾಗಿ ಗಿಡ್ಡವಾಗುತ್ತದೆ. ದೀಪವನ್ನು ಅಲುಗಾಡಿಸದೆಯೇ ದೃಶ್ಯವನ್ನು ಮುಗಿಸಬಹುದಿತ್ತು. ಅದು ಅಲುಗಿದ್ದರಿಂದ ಪ್ರತಿಯೊಂದು ಫ್ರೇಮಿಗೂ ಬೇರೆ ನೆರಳು, ಬೇರೆ ಹೊಳಪು ಬಿಡಿಸಬೇಕಾಯಿತು. ಪಾತ್ರಗಳಿಗೆ ಕಂಪ್ಯೂಟರಿನ ನೆರವಿಲ್ಲದ ಕಾಲದಲ್ಲಿ ಇಷ್ಟನ್ನೂ ಕೈಯಲ್ಲಿ ಮಾಡಿದ್ದಾರೆ. ಇದರ ನಡುವೆ ಎಡ್ಡಿ ಕೊಯ್ಯುತ್ತಿರುವ ವಸ್ತು ಅಲುಗದಂತೆ ಹಿಡಿದುಕೊಳ್ಳಲೆಂದು ರೋಜರ್ ತನ್ನ ಕೈಯನ್ನು ಬೇಡಿಯಿಂದ ಸಲೀಸಾಗಿ ಹೊರತೆಗೆದುಬಿಡುತ್ತಾನೆ! ಯಾವಾಗ ಬೇಕಾದರೂ ಹೀಗೆ ತೆಗೆಯಬಹುದಿತ್ತೇ ಎಂದು ಎಡ್ಡಿ ಸಿಡುಕಿದರೆ, ಯಾವಾಗ ಬೇಕಾದರೂ ಅಲ್ಲ, ನಗು ಬರುವ ಹೊತ್ತಿನಲ್ಲಿ ಮಾತ್ರ ಎಂಬರ್ಥದ ಉತ್ತರ ಬರುತ್ತದೆ. ಮಾತು ತಿಳಿಯದ ಮಗುವೂ ಕೈ ಹೊರಬಂದ ಕ್ಷಣಕ್ಕೆ ಸರಿಯಾಗಿ ನಗುವುದನ್ನು ನಾನು ಕಂಡಿದ್ದೇನೆ.

ಎಡ್ಡಿಯ ಪಾತ್ರ ಮಾಡಿದ ಬಾಬ್ ಹಾಸ್ಕಿನ್ಸ್, ಇಲ್ಲದ ಮೊಲವನ್ನು ಇದ್ದಂತೆ ಕಾಣುವುದನ್ನು ತಮ್ಮ ಪುಟ್ಟ ಮಗಳು ಕಲ್ಪನೆಯ ಗೆಳೆಯರೊಡನೆ ಆಡುವುದನ್ನು ನೋಡಿ ಕಲಿತುದಾಗಿ ಹೇಳಿದ್ದರು. ರೋಜರನಿಗೆ ಧ್ವನಿ ಕೊಟ್ಟ ಚಾರ್ಲ್ಸ್ ಫ್ಲೈಷರ್ ಚಿತ್ರೀಕರಣದ ವೇಳೆ ಮೊಲದ ವೇಷ ತೊಟ್ಟು ಕ್ಯಾಮೆರಾದ ಆಚೆ ನಿಂತು ಮಾತು ಒಪ್ಪಿಸುತ್ತಿದ್ದರು. ಕ್ಲಬ್ಬಿನಲ್ಲಿ ಪೆಂಗ್ವಿನ್‌ಗಳು ಹೊತ್ತು ತರುವ ತಟ್ಟೆಗಳು ನಿಜವಾದ ತಟ್ಟೆಗಳೇ. ಅವನ್ನು ಕೆಳಗಿನಿಂದ ಕೋಲುಗಳ ಮೇಲೆ ಹಿಡಿದು ಆಡಿಸಿ, ಪೆಂಗ್ವಿನ್‌ಗಳನ್ನು ಆಮೇಲೆ ಬಿಡಿಸಿ ಸೇರಿಸಲಾಯಿತು. ಲೋಕ ಪಾತ್ರಕ್ಕೆ ಓಗೊಡಬೇಕು ಎಂದು ಮೇಲೆ ಹೇಳಿದ್ದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ತಿಳಿಯದು.

ಇಷ್ಟೆಲ್ಲ ಹೊಗಳಿದ ಮೇಲೂ ಇದನ್ನು ಒಂದನೇ ತರಗತಿಯ ಮಗುವಿನ ಮುಂದೆ ಹಾಕಬೇಡಿ ಎಂದೇ ಹೇಳುತ್ತೇನೆ. ಕಥಾನಾಯಕ ಕುಡಿತಕ್ಕೆ ಬಿದ್ದವನು, ಕಥೆಯ ಬುಡದಲ್ಲಿ ಕೊಲೆ ಮತ್ತು ದಾಂಪತ್ಯದ ಅನುಮಾನ ಇವೆ, ರೋಜರನ ಹೆಂಡತಿ ಜೆಸ್ಸಿಕಾಳನ್ನು ಚಿತ್ರಿಸಿದ ರೀತಿ ದೊಡ್ಡವರಿಗಾಗಿ ಇರುವಂಥದ್ದು. ಅದಕ್ಕಿಂತ ಮುಖ್ಯವಾಗಿ, ಕ್ರಿಸ್ಟೋಫರ್ ಲಾಯ್ಡ್ ನಟಿಸಿದ ಜಡ್ಜ್ ಡೂಮ್ ಎಂಬ ಖಳ, ಏನೂ ತಪ್ಪು ಮಾಡದ ಒಂದು ಪುಟ್ಟ ಕಾರ್ಟೂನ್ ಬೂಟನ್ನು ರಾಸಾಯನಿಕದ ಪೀಪಾಯಿಯಲ್ಲಿ ಅದ್ದಿ ಕರಗಿಸಿಬಿಡುತ್ತಾನೆ. ಆ ಬೂಟು ಅದಕ್ಕೆ ಸ್ವಲ್ಪ ಮೊದಲು ಅವನ ಕಾಲಿಗೆ ನಾಯಿಮರಿಯಂತೆ ಮೈ ಉಜ್ಜಿರುತ್ತದೆ. ಕೊನೆಯಲ್ಲಿ ರೋಡ್ ರೋಲರಿನಡಿ ಚಪ್ಪಟೆಯಾದ ಡೂಮ್ ಎದ್ದು ನಿಂತು ತನ್ನ ನಿಜರೂಪ ತೋರಿಸುವ ಭಾಗ ದೊಡ್ಡವರನ್ನೂ ಬೆಚ್ಚಿಸುವಂಥದ್ದು. ಹತ್ತು ವರ್ಷ ದಾಟಿದ ಮಕ್ಕಳಿಗೆ, ದೊಡ್ಡವರು ಪಕ್ಕದಲ್ಲಿದ್ದು, ಬೂಟಿನ ದೃಶ್ಯದ ಬಗ್ಗೆ ಮೊದಲೇ ಒಂದು ಮಾತು ಹೇಳಿ ತೋರಿಸುವುದಾದರೆ, ಇದಕ್ಕೆ ಸಮನಾದ ಚಿತ್ರ ಇನ್ನೊಂದಿಲ್ಲ.

ಮಾತಿಲ್ಲದ ಜೋಡಿ

ವಿಲಿಯಂ ಹಾನ್ನಾ ಮತ್ತು ಜೋಸೆಫ್ ಬಾರ್ಬೆರಾ 1940ರಲ್ಲಿ ಹುಟ್ಟುಹಾಕಿದ ಬೆಕ್ಕು ಇಲಿಗಳ ಜೋಡಿಗೆ ಕಿರುಚಿತ್ರಗಳ ವಿಭಾಗದಲ್ಲಿ ಏಳು ಆಸ್ಕರ್‌ಗಳು ಸಂದಿವೆ. ಆ ಜೋಡಿಯನ್ನು ನಿಜವಾದ ನ್ಯೂಯಾರ್ಕ್ ನಗರಕ್ಕೆ ತಂದ 2021ರ ‘ಟಾಮ್ ಆ್ಯಂಡ್ ಜೆರ್ರಿ’ ಚಿತ್ರವನ್ನು ಟಿಮ್ ಸ್ಟೋರಿ ನಿರ್ದೇಶಿಸಿದ್ದಾರೆ. ಚಿತ್ರ ವಿಮರ್ಶಕರು ಇದನ್ನು ಅಷ್ಟಾಗಿ ಮೆಚ್ಚಲಿಲ್ಲ, ಕಲೆಯ ಮಟ್ಟದಲ್ಲಿ ರೋಜರನ ಚಿತ್ರದ ಹತ್ತಿರಕ್ಕೂ ಇದು ಬರುವುದಿಲ್ಲ. ಹಾಗಿದ್ದೂ ನಮ್ಮ ಕಡೆಯ ಒಂದು ತುಂಬು ಮನೆಗೆ ಒಂದೇ ಚಿತ್ರ ಹೇಳಿ ಎಂದು ಯಾರಾದರೂ ಕೇಳಿದರೆ ನಾನು ಇದನ್ನೇ ಹೇಳುತ್ತೇನೆ. ಇಲ್ಲಿ ಟಾಮ್ ಮತ್ತು ಜೆರ್ರಿ ಪರಸ್ಪರ ಮಾತಾಡುವುದೇ ಇಲ್ಲ. ಟಾಮನ ಆ ಪ್ರಸಿದ್ಧ ಚೀರಾಟಕ್ಕೂ ಹಾನ್ನಾ ಅವರ ಹಳೆಯ ಧ್ವನಿಮುದ್ರಣವನ್ನೇ ಬಳಸಿಕೊಂಡಿದ್ದಾರೆ. ಹೀಗಾಗಿ ಟಿವಿಯಲ್ಲಿ ನೋಡಿದ ಟಾಮ್ ಇವನೇ ಎಂಬ ಗುರುತು ಮಗುವಿಗೂ ಅಜ್ಜಿಗೂ ಒಟ್ಟಿಗೆ ಸಿಗುತ್ತದೆ.

ಈ ಚಿತ್ರದ ಇನ್ನೊಂದು ನಿರ್ಧಾರ ನನಗೆ ಬಹಳ ಹಿಡಿಸಿತು. ಟಾಮ್ ಜೆರ್ರಿಯರಷ್ಟೇ ಅಲ್ಲದೆ, ಆ ನಗರದ ಪಾರಿವಾಳದಿಂದ ಹಿಡಿದು ಆನೆಯವರೆಗೆ ಪ್ರತಿಯೊಂದು ಪ್ರಾಣಿಯೂ ಕಾರ್ಟೂನೇ. ಮನುಷ್ಯರು ಮಾತ್ರ ನಿಜ. ಇದನ್ನು ಯಾರೂ ವಿವರಿಸುವುದಿಲ್ಲ, ಮಕ್ಕಳೂ ಕೇಳುವುದಿಲ್ಲ, ಮೊದಲ ಐದು ನಿಮಿಷದಲ್ಲಿ ಒಪ್ಪಿಕೊಂಡುಬಿಡುತ್ತಾರೆ. ಕಥೆ ನಡೆಯುವ ದೊಡ್ಡ ಹೋಟೆಲಿನಲ್ಲಿ ಅದ್ದೂರಿ ಮದುವೆಯೊಂದು ನಡೆಯಲಿದೆ, ಆ ಮದುವೆಯ ಹುಡುಗಿ ಪ್ರೀತಾ ಭಾರತೀಯ ಮೂಲದವಳು, ಆ ಪಾತ್ರ ಮಾಡಿರುವವರು ಪಲ್ಲವಿ ಶಾರದಾ. ಆನೆಗಳ ಸಮೇತ ನಡೆಯುವ ಆ ಸಮಾರಂಭ ನಮ್ಮ ಮದುವೆಗಳಂತಿಲ್ಲ, ವಿದೇಶೀಯರ ಕಣ್ಣಿನ ಭಾರತವೇ ಅಲ್ಲಿರುವುದು. ಆದರೂ ಅಷ್ಟು ಹೊತ್ತು ಸುಮ್ಮನೆ ಕೂತ ಹಿರಿಯರು ಆ ಭಾಗದಲ್ಲಿ ಆನೆಯ ಅಲಂಕಾರದ ಬಗ್ಗೆ, ಸೀರೆಯ ಬಗ್ಗೆ ಮಾತು ತೆಗೆಯುತ್ತಾರೆ. ದೊಡ್ಡ ಕೊರತೆಯೆಂದರೆ ಮನುಷ್ಯರ ಕಥೆ ಹೆಚ್ಚಾಯಿತು. ಬೇರೊಬ್ಬರ ಅರ್ಹತಾಪತ್ರ ತೋರಿಸಿ ಹೋಟೆಲಿನಲ್ಲಿ ಕೆಲಸ ಗಿಟ್ಟಿಸುವ ಹುಡುಗಿಯ ಸಂಗತಿ ಪೂರ್ತಿ ಮಾತಿನಲ್ಲೇ ನಡೆಯುತ್ತದೆ, ಆ ಹೊತ್ತಿನಲ್ಲಿ ಚಿಕ್ಕ ಮಕ್ಕಳು ಅಡುಗೆಮನೆಯ ಕಡೆ ಹೊರಡುತ್ತಾರೆ. ಹೆದರಿಕೆಯ ದೃಶ್ಯವೆಂದು ಹೇಳುವಂಥದ್ದು ಒಂದೂ ಇಲ್ಲ. ಅವಧಿ ಸುಮಾರು ಒಂದು ಗಂಟೆ ನಲವತ್ತು ನಿಮಿಷ.

ಲೂನಿ ಟ್ಯೂನ್ಸ್‌ನ ಮೂರು ಚಿತ್ರಗಳು

ಬಗ್ಸ್ ಬನ್ನಿಯ ಬಳಗದ ಮೂರು ಚಿತ್ರಗಳ ಪೈಕಿ ಹೆಚ್ಚು ಹೆಸರಾದದ್ದು 1996ರ ‘ಸ್ಪೇಸ್ ಜ್ಯಾಮ್’. ಬ್ಯಾಸ್ಕೆಟ್‌ಬಾಲ್ ಆಟಗಾರ ಮೈಕಲ್ ಜೋರ್ಡನ್ 1993ರಲ್ಲಿ ನಿವೃತ್ತಿ ಘೋಷಿಸಿ, ಬೇಸ್‌ಬಾಲ್ ಆಡಲು ಹೋಗಿ, 1995ರಲ್ಲಿ ಮತ್ತೆ ಬ್ಯಾಸ್ಕೆಟ್‌ಬಾಲ್‌ಗೆ ಮರಳಿದ ನಿಜ ಘಟನೆಯ ನಡುವೆ ಈ ಕಥೆಯನ್ನು ತೂರಿಸಿದ್ದಾರೆ. ಅನ್ಯಗ್ರಹದವರು ಲೂನಿ ಟ್ಯೂನ್ಸ್ ಪಾತ್ರಗಳನ್ನು ಗುಲಾಮರನ್ನಾಗಿ ಒಯ್ಯಲು ಬರುತ್ತಾರೆ, ಪಾತ್ರಗಳು ಬ್ಯಾಸ್ಕೆಟ್‌ಬಾಲ್ ಪಂದ್ಯದ ಸವಾಲೊಡ್ಡಿ ಜೋರ್ಡನ್‌ನನ್ನು ಗಾಲ್ಫ್ ಗುಳಿಯೊಳಗಿನಿಂದ ತಮ್ಮ ಲೋಕಕ್ಕೆ ಎಳೆದುಕೊಳ್ಳುತ್ತವೆ. ಇಲ್ಲಿ ಗಮನಿಸಬೇಕಾದದ್ದು, ಬಹುಪಾಲು ಕಥೆಯಲ್ಲಿ ಮನುಷ್ಯನೇ ಕಾರ್ಟೂನ್ ಲೋಕಕ್ಕೆ ಹೋಗುತ್ತಾನೆ. ಚಿತ್ರೀಕರಣದಲ್ಲಿ ಹಸಿರು ಪರದೆಯ ಮುಂದೆ ಹಸಿರು ಉಡುಪಿನ ನಟರನ್ನು ಸುತ್ತ ನಿಲ್ಲಿಸಿಕೊಂಡು ಜೋರ್ಡನ್ ನಟಿಸಿದ್ದರು. ಅದರ ಫಲವಾಗಿ ಕಾರ್ಟೂನ್ ಪಾತ್ರ ನಮ್ಮ ಮನೆಯೊಳಗೆ ಬಂದರೆ ಹೇಗಿರುತ್ತದೆ ಎಂಬ ಬೆರಗು ಇದರಲ್ಲಿ ಕಡಿಮೆ, ಜೋರ್ಡನ್‌ನ ಮನೆಗೆ ಬಗ್ಸ್ ಮತ್ತು ಡ್ಯಾಫಿ ಕದ್ದು ನುಗ್ಗುವ ಸಣ್ಣ ಭಾಗ ಬಿಟ್ಟರೆ. ಆಟವೊಂದರ ಗೆಲುವು ಸೋಲು ಕಣ್ಣಿಗೇ ಕಾಣುವಂಥದ್ದಾದ್ದರಿಂದ ಭಾಷೆಯ ತೊಡಕು ಹೆಚ್ಚಿಲ್ಲ, ಒಂದೂವರೆ ಗಂಟೆಯೊಳಗೆ ಮುಗಿಯುತ್ತದೆ, ಶಾಲೆಯಲ್ಲಿ ಆಟವಾಡುವ ಹುಡುಗ ಹುಡುಗಿಯರು ಕೊನೆಯ ಪಂದ್ಯವನ್ನು ಎದ್ದು ನಿಂತು ನೋಡುತ್ತಾರೆ.

ಜೋ ಡಾಂಟೆ ನಿರ್ದೇಶನದ, 2003ರ ‘ಲೂನಿ ಟ್ಯೂನ್ಸ್: ಬ್ಯಾಕ್ ಇನ್ ಆ್ಯಕ್ಷನ್’ ಗಳಿಕೆಯಲ್ಲಿ ಸೋತ ಚಿತ್ರ. ಅದು ಸೋತದ್ದು ನನಗೆ ಇಂದಿಗೂ ಬೇಸರದ ಸಂಗತಿ, ಏಕೆಂದರೆ ಈ ಪಾತ್ರಗಳ ಸ್ವಭಾವವನ್ನು ಅದರಷ್ಟು ಬಲ್ಲ ಚಿತ್ರ ಇನ್ನೊಂದಿಲ್ಲ. ಸ್ಟುಡಿಯೊದಿಂದ ಕೆಲಸ ಕಳೆದುಕೊಂಡ ಡ್ಯಾಫಿ, ಬ್ರೆಂಡನ್ ಫ್ರೇಸರ್ ನಟಿಸಿದ ಕಾವಲುಗಾರನೊಂದಿಗೆ ಒಂದು ವಜ್ರವನ್ನು ಹುಡುಕುತ್ತ ಊರೂರು ಅಲೆಯುತ್ತಾನೆ. ಕಥೆ ಹರಕು ಮುರಕಾಗಿದೆ, ಅದನ್ನು ಒಪ್ಪಲೇಬೇಕು. ಆದರೆ ಪ್ಯಾರಿಸ್‌ನ ಲೂವ್ರ್ ಸಂಗ್ರಹಾಲಯದ ದೃಶ್ಯವೊಂದಕ್ಕಾಗಿಯೇ ಈ ಚಿತ್ರವನ್ನು ಮಕ್ಕಳಿಗೆ ತೋರಿಸಬೇಕು. ಬಂದೂಕು ಹಿಡಿದ ಎಲ್ಮರ್ ಫಡ್ ಅಟ್ಟಿಸಿಕೊಂಡು ಬರುವಾಗ ಬಗ್ಸ್ ಮತ್ತು ಡ್ಯಾಫಿ ಗೋಡೆಯ ಮೇಲಿನ ವರ್ಣಚಿತ್ರಗಳೊಳಗೆ ಹಾರಿ ಓಡುತ್ತಾರೆ. ಯಾವ ಚಿತ್ರದೊಳಗೆ ಹೋದರೆ ಅವರ ಮೈಯೂ ಆ ಕಲಾವಿದನ ಕೈಯಂತೆ ಬದಲಾಗುತ್ತದೆ: ಡಾಲಿಯ ಕರಗುವ ಗಡಿಯಾರಗಳ ನಡುವೆ ಅವರ ಕೈಕಾಲುಗಳೂ ಕರಗಿ ಜೋಲುತ್ತವೆ, ಮುಂಕ್‌ನ ‘ಚೀರು’ ಚಿತ್ರದಲ್ಲಿ ಗೆರೆಗಳು ಅಲೆಯಲೆಯಾಗುತ್ತವೆ, ಬಣ್ಣದ ಚುಕ್ಕೆಗಳಿಂದಲೇ ಚಿತ್ರ ಕಟ್ಟುತ್ತಿದ್ದ ಸೂರಾನ ನದೀತೀರದ ಚಿತ್ರದೊಳಗೆ ಹೊಕ್ಕಾಗ ಮೂವರೂ ಚುಕ್ಕೆಗಳಾಗುತ್ತಾರೆ. ಎಲ್ಮರ್ ಆ ಚುಕ್ಕೆಯ ಮೈಯಲ್ಲೇ ಹೊರಗೆ ಬರುತ್ತಾನೆ, ಬಗ್ಸ್ ಒಂದು ಫ್ಯಾನ್ ಹಾಕಿದ ಕೂಡಲೇ ಗಾಳಿಗೆ ಚೂರು ಚೂರಾಗಿ ಹಾರಿಹೋಗುತ್ತಾನೆ. ಅಸಲಿಗೆ ಈ ಮೂರೂ ಚಿತ್ರಗಳು ಲೂವ್ರ್‌ನಲ್ಲಿಲ್ಲ. ಡಾಲಿಯದು ನ್ಯೂಯಾರ್ಕ್‌ನಲ್ಲಿ, ಮುಂಕ್‌ನದು ನಾರ್ವೆಯಲ್ಲಿ, ಸೂರಾನದು ಶಿಕಾಗೊದಲ್ಲಿ ಇದೆ ಎಂದು ದೊಡ್ಡ ಮಕ್ಕಳಿಗೆ ಹೇಳಿದರೆ ಅವರು ಆ ಚಿತ್ರಗಳನ್ನು ತಾವೇ ಹುಡುಕಿ ನೋಡುತ್ತಾರೆ. ನಮ್ಮ ಬೀದಿಯ ಮಕ್ಕಳು ಈ ದೃಶ್ಯ ನೋಡಿದ ಮೇಲೆ ಸ್ಕೆಚ್ ಪೆನ್ನಿನಲ್ಲಿ ಚುಕ್ಕೆ ಇಟ್ಟು ಇಟ್ಟು ಮೊಲ ಬಿಡಿಸಿದರು. ಒಂದೇ ಒಂದು ಮಾತೂ ಅರ್ಥವಾಗಬೇಕಿಲ್ಲದ ಇಂಥ ನಾಲ್ಕಾರು ನಿಮಿಷಗಳು ಸಿಕ್ಕರೆ ಕಥೆಯ ಹರಕನ್ನು ಕ್ಷಮಿಸಬಹುದೆಂದು ನನಗೆ ಅನ್ನಿಸುತ್ತದೆ.

ಮೂರನೆಯದು ಬ್ಯಾಸ್ಕೆಟ್‌ಬಾಲ್ ಆಟಗಾರ ಲೆಬ್ರಾನ್ ಜೇಮ್ಸ್ ನಟಿಸಿದ 2021ರ ‘ಸ್ಪೇಸ್ ಜ್ಯಾಮ್: ಎ ನ್ಯೂ ಲೆಗಸಿ’. ಕಥೆಯೆಲ್ಲ ಕಂಪ್ಯೂಟರಿನೊಳಗಿನ ಲೋಕದಲ್ಲಿ ನಡೆಯುತ್ತದೆ, ವಾರ್ನರ್ ಸಂಸ್ಥೆಯ ಬೇರೆ ಬೇರೆ ಚಿತ್ರಗಳ ಪಾತ್ರಗಳು ಗುಂಪು ಗುಂಪಾಗಿ ಬಂದು ಹೋಗುತ್ತವೆ, ಅವಧಿಯೂ ಎರಡು ಗಂಟೆಯ ಹತ್ತಿರ. ಮೇಲಿನ ಎರಡರಲ್ಲಿ ಒಂದು ಸಿಗುವುದಾದರೆ ಇದನ್ನು ಬಿಡಬಹುದು.

ಹತ್ತಿರದ ಸಂಬಂಧಿಗಳು

2007ರ ‘ಎನ್‌ಚಾಂಟೆಡ್’ ಹಳೆಯ ಪಾತ್ರಗಳ ಚಿತ್ರವಲ್ಲ. ಡಿಸ್ನಿಯ ಹಳೆಯ ರಾಜಕುಮಾರಿಯರ ಅಚ್ಚಿನಲ್ಲಿ ಹೊಸದಾಗಿ ಎರಕ ಹೊಯ್ದ ಜಿಸೆಲ್ ಎಂಬ ಹುಡುಗಿ ಕೈಯಲ್ಲಿ ಬಿಡಿಸಿದ ಲೋಕದಿಂದ ಬಾವಿಗೆ ಬಿದ್ದು, ನ್ಯೂಯಾರ್ಕ್‌ನ ನಡುರಸ್ತೆಯ ಮ್ಯಾನ್‌ಹೋಲ್‌ನಿಂದ ಎದ್ದು ಬರುತ್ತಾಳೆ. ಅಲ್ಲಿಂದಾಚೆ ಅವಳು ಏಮಿ ಆ್ಯಡಮ್ಸ್ ಎಂಬ ನಟಿ. ಹಾಡು ಹೇಳಿ ಪ್ರಾಣಿಗಳನ್ನು ಕರೆದರೆ ಜಿಂಕೆ ಮೊಲಗಳ ಬದಲು ನಗರದ ಇಲಿ, ಪಾರಿವಾಳ, ಜಿರಳೆಗಳು ಬಂದು ಮನೆ ತೊಳೆಯುವ ಭಾಗಕ್ಕೆ ಅನುವಾದ ಬೇಕಿಲ್ಲ. ನನಗೆ ಅತಿ ಪ್ರಿಯವಾದದ್ದು ಪಿಪ್ ಎಂಬ ಅಳಿಲಿನಂಥ ಪ್ರಾಣಿಯ ಪಾಡು. ಕಾರ್ಟೂನ್ ಲೋಕದಲ್ಲಿ ಎಡೆಬಿಡದೆ ಮಾತಾಡುತ್ತಿದ್ದ ಅದಕ್ಕೆ ನಿಜಲೋಕಕ್ಕೆ ಬಂದೊಡನೆ ಮಾತೇ ಹೊರಡುವುದಿಲ್ಲ. ಜಿಸೆಲ್ ಅಪಾಯದಲ್ಲಿದ್ದಾಳೆ ಎಂಬುದನ್ನು ಮಂದಬುದ್ಧಿಯ ರಾಜಕುಮಾರನಿಗೆ ಅದು ಬರೀ ಅಭಿನಯದಿಂದ ತಿಳಿಸಲು ಹೆಣಗುತ್ತದೆ, ಅವನು ಎಲ್ಲವನ್ನೂ ತಪ್ಪಾಗಿ ತಿಳಿಯುತ್ತಾನೆ. ಭಾಷೆ ಬಾರದ ಪ್ರೇಕ್ಷಕರಿಗೆ ಅಲ್ಲಿ ನಡೆಯುವುದೆಲ್ಲವೂ ತಿಳಿಯುತ್ತದೆ. ಆದರೆ ಉಳಿದ ಕಥೆ ವಿಚ್ಛೇದನದ ವಕೀಲ, ನಿಶ್ಚಯವಾದ ಮದುವೆ, ಪ್ರೀತಿಯ ಗೊಂದಲ ಎಂದು ಮಾತಿನ ಮೇಲೇ ಸಾಗುವುದರಿಂದ ಹೈಸ್ಕೂಲಿನ ಮಕ್ಕಳಿಗೆ ಇದು ಹೆಚ್ಚು ಹೊಂದುತ್ತದೆ. ಕೊನೆಯಲ್ಲಿ ಬರುವ ಡ್ರ್ಯಾಗನ್ ಚಿಕ್ಕವರನ್ನು ತುಸು ಹೆದರಿಸಬಹುದು.

ಮಾತಿನ ಭಾರ ಎಲ್ಲಕ್ಕಿಂತ ಹೆಚ್ಚಿರುವುದು 2022ರ ‘ಚಿಪ್ ಆ್ಯಂಡ್ ಡೇಲ್: ರೆಸ್ಕ್ಯೂ ರೇಂಜರ್ಸ್’ ಚಿತ್ರದಲ್ಲಿ. ಅತ್ಯುತ್ತಮ ಟೆಲಿವಿಷನ್ ಚಿತ್ರವೆಂದು ಎಮ್ಮಿ ಪ್ರಶಸ್ತಿ ಪಡೆದ, ಬಹಳ ಬುದ್ಧಿವಂತಿಕೆಯ ಚಿತ್ರವಿದು. ಚಿಪ್ ಮತ್ತು ಡೇಲ್ ಎಂಬ ಅಳಿಲಿನಂಥ ಪ್ರಾಣಿಗಳ ಹಳೆಯ ಕಾರ್ಟೂನ್ ಜೋಡಿಯಲ್ಲಿ ಒಬ್ಬ ಚಪ್ಪಟೆ ಕಾರ್ಟೂನಾಗಿಯೇ ಉಳಿದಿದ್ದರೆ ಇನ್ನೊಬ್ಬ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡು ಕಂಪ್ಯೂಟರ್ ರೂಪ ಪಡೆದಿದ್ದಾನೆ. ಆದರೆ ಪ್ರತಿ ನಿಮಿಷಕ್ಕೂ ಬೇರೆ ಯಾವುದೋ ಚಿತ್ರದ, ಯಾವುದೋ ಜಾಹೀರಾತಿನ ನೆನಪು ಬೇಕಾಗುವ ಅದರ ಹಾಸ್ಯವನ್ನು ಅನುಭವಿಸುವವರು ಇಂಗ್ಲಿಷ್ ಚಿತ್ರಗಳ ನಡುವೆ ಬೆಳೆದ ಯುವಕರೇ. ರಜೆಗೆ ಬೆಂಗಳೂರಿನಿಂದ ಬಂದ ಅಣ್ಣಂದಿರಿಗಾಗಿ ಇದನ್ನು ಇಟ್ಟುಕೊಳ್ಳಿ.

ಬೆಲ್ಜಿಯಂನ ಪೆಯೊ 1958ರಲ್ಲಿ ಸೃಷ್ಟಿಸಿದ ನೀಲಿ ಕುಳ್ಳರನ್ನು ನ್ಯೂಯಾರ್ಕ್‌ಗೆ ತಂದ ‘ದಿ ಸ್ಮರ್ಫ್ಸ್’ ಚಿತ್ರವನ್ನು 2011ರಲ್ಲಿ ಮಾಡಿದರು, ಅತಿ ಚಿಕ್ಕ ಮಕ್ಕಳು ಮಾತ್ರ ಇರುವ ಮನೆಗೆ ಅದು ಸಾಕು. 2018ರ ‘ಕ್ರಿಸ್ಟೋಫರ್ ರಾಬಿನ್’ನಲ್ಲಿ ವಿನಿ ದ ಪೂ ಮತ್ತು ಅವನ ಗೆಳೆಯರು ಸವೆದ ಬೊಂಬೆಗಳಂತೆ ಕಾಣುತ್ತಾರೆ, ಬೊಂಬೆಯ ಕೂದಲು ಮಂಜಿಗೆ ಒದ್ದೆಯಾದದ್ದೂ ಕಾಣುವಷ್ಟು ಜತನದಿಂದ ಮಾಡಿದ್ದಾರೆ. ಅದರ ನಡಿಗೆ ನಿಧಾನ, ದುಃಖ ದೊಡ್ಡವರದ್ದು. ಮಕ್ಕಳು ಮಲಗ ಹೋದ ಮೇಲೆ ಅಪ್ಪ ಅಮ್ಮ ನೋಡಬಹುದು.

ನಮ್ಮ ಪಕ್ಕದ ಭಾಷೆಯಲ್ಲೂ ಈ ಪ್ರಯತ್ನ ನಡೆದಿದೆ ಎಂಬುದನ್ನು ಮರೆಯಬಾರದು. 1989ರ ತಮಿಳು ಚಿತ್ರ ‘ರಾಜಾ ಚಿನ್ನ ರೋಜಾ’ದ ಒಂದು ಹಾಡಿನಲ್ಲಿ ರಜನಿಕಾಂತ್ ಮತ್ತು ಮಕ್ಕಳು ಕಾರ್ಟೂನ್ ಪ್ರಾಣಿಗಳೊಡನೆ ಹಾಡಿ ಕುಣಿಯುತ್ತಾರೆ. ಅಂದಿನ ನಮ್ಮ ಸ್ಟುಡಿಯೊಗಳ ಸೌಲಭ್ಯದಲ್ಲಿ ಅಷ್ಟನ್ನು ಸಾಧಿಸಿದ್ದಕ್ಕೆ ಗೌರವ ಸಲ್ಲಬೇಕು, ರಜನಿಕಾಂತ್ ಅಂದರೆ ಕೂತಲ್ಲಿಂದ ಏಳದ ಹಿರಿಯರೂ ನಮ್ಮಲ್ಲಿದ್ದಾರೆ.

ಯಾವ ಮನೆಗೆ ಯಾವುದು

ಎಲ್ಲ ವಯಸ್ಸಿನವರೂ ಒಂದೇ ಕೋಣೆಯಲ್ಲಿದ್ದು, ಇಂಗ್ಲಿಷ್ ತಿಳಿದವರು ಒಬ್ಬಿಬ್ಬರೇ ಆದರೆ ‘ಟಾಮ್ ಆ್ಯಂಡ್ ಜೆರ್ರಿ’ ಹಾಕಿ. ಮಕ್ಕಳೆಲ್ಲ ಹತ್ತು ದಾಟಿದ್ದರೆ ‘ರೋಜರ್ ರ‍್ಯಾಬಿಟ್’ ಬಿಟ್ಟು ಬೇರೆ ಯೋಚನೆ ಬೇಡ. ಚಿತ್ರ ಬಿಡಿಸುವ ಹುಚ್ಚಿರುವ ಮಗುವಿದ್ದರೆ 2003ರ ಲೂನಿ ಟ್ಯೂನ್ಸ್ ಚಿತ್ರವೂ, ಆಟದ ಹುಚ್ಚಿನವರಿದ್ದರೆ 1996ರ ‘ಸ್ಪೇಸ್ ಜ್ಯಾಮ್’ ಚಿತ್ರವೂ ಸರಿಹೋಗುತ್ತವೆ. ಆರು ವರ್ಷದವರೂ ಹದಿನಾರು ವರ್ಷದವರೂ ಒಟ್ಟಿಗಿರುವ ಮನೆಯಲ್ಲಿ ದೊಡ್ಡವರ ಆಸೆಗೆ ಚಿಕ್ಕವರನ್ನು ಒಪ್ಪಿಸುವುದು ನನಗೆ ಸರಿಕಾಣುವುದಿಲ್ಲ. ಕರಗಿಹೋದ ಆ ಬೂಟನ್ನು ನೆನೆದು ರಾತ್ರಿ ನಿದ್ದೆಗೆಡುವವರು ಚಿಕ್ಕವರೇ.

ಚಿತ್ರ ಓಡುತ್ತಿರುವಾಗ ಸಾಲು ಸಾಲಾಗಿ ಅನುವಾದಿಸಿ ಹೇಳುವ ಅಭ್ಯಾಸವನ್ನು ದಯವಿಟ್ಟು ಬಿಡಬೇಕು. ಹೇಳುವವರ ಕಡೆ ಮಕ್ಕಳು ತಿರುಗಿದಷ್ಟು ಸಲ ತೆರೆಯ ಮೇಲಿನ ಚಲನೆ ಕೈತಪ್ಪುತ್ತದೆ. ಅದರ ಬದಲು ಶುರುವಾಗುವ ಮುನ್ನ ಹೈಸ್ಕೂಲಿನ ಅಕ್ಕ ಐದು ನಿಮಿಷ ಕನ್ನಡದಲ್ಲಿ ಕಥೆಯ ಅರ್ಧವನ್ನು ಹೇಳಲಿ, ಕೊನೆಯನ್ನು ಹೇಳದಿರಲಿ. ನಾವು ಹೀಗೆಯೇ ಮಾಡುತ್ತೇವೆ, ಅಜ್ಜಿಯರು ಕೂಡ ಪಾತ್ರ ತೆರೆಗೆ ಬಂದೊಡನೆ ಗುರುತು ಹಿಡಿದು, ಇವನೇ ಅಲ್ಲವೇನೇ ಆ ಕಳ್ಳ ಜಡ್ಜು ಎಂದು ಮೊಮ್ಮಗಳನ್ನು ಕೇಳುತ್ತಾರೆ.

ತೋಟದ ಮನೆಗಳಲ್ಲಿ ಮಳೆಗಾಲಕ್ಕೆ ನೆಟ್‌ವರ್ಕ್ ನಂಬುವಂತಿಲ್ಲವಾದ್ದರಿಂದ ಪೇಟೆಗೆ ಬಂದಾಗಲೇ ಚಿತ್ರವನ್ನು ಮೊಬೈಲಿಗೋ ಟ್ಯಾಬಿಗೋ ಇಳಿಸಿಕೊಂಡಿರಬೇಕು. ಯಾವ ಚಿತ್ರ ಯಾವ ಒಟಿಟಿಯಲ್ಲಿದೆ ಎಂಬುದು ಆಗಾಗ ಬದಲಾಗುತ್ತಿರುತ್ತದೆ, ಇಳಿಸಿಕೊಳ್ಳುವ ಮುನ್ನ ಯಾವ ಯಾವ ಭಾಷೆಯ ಧ್ವನಿ ಇದೆ ಎಂಬುದನ್ನೂ ನೋಡಿಕೊಳ್ಳಿ. ಮರ ಬಿದ್ದು ಕರೆಂಟು ಹೋಗಿ, ಯುಪಿಎಸ್‌ನಲ್ಲಿ ಅರ್ಧ ಗಂಟೆಯಷ್ಟೇ ಉಳಿದಿದ್ದರೆ ದೊಡ್ಡ ಚಿತ್ರವನ್ನು ಶುರು ಮಾಡಿ ನಡುವೆ ನಿಲ್ಲಿಸುವುದಕ್ಕಿಂತ, 1945ರ ‘ಆ್ಯಂಕರ್ಸ್ ಅವೇ’ ಚಿತ್ರದಿಂದ ನಟ ಜೀನ್ ಕೆಲಿ ಮತ್ತು ಜೆರ್ರಿಯ ನೃತ್ಯವನ್ನು ಮಾತ್ರ ತೋರಿಸಿ. ಕುಣಿಯಲು ಬಾರದೆಂದು ರಾಜ್ಯದಲ್ಲಿ ಸಂಗೀತವನ್ನೇ ನಿಷೇಧಿಸಿದ ಇಲಿರಾಜನಿಗೆ ನಾವಿಕನೊಬ್ಬ ಹೆಜ್ಜೆ ಕಲಿಸುವ ಕೆಲವೇ ನಿಮಿಷಗಳ ಭಾಗವಿದು, ಜೆರ್ರಿ ಇದರಲ್ಲಿ ಮಾತಾಡುತ್ತಾನೆ ಕೂಡ. ನುಣುಪಾದ ನೆಲದ ಮೇಲೆ ಕೆಲಿಯ ಪ್ರತಿಬಿಂಬದ ಪಕ್ಕದಲ್ಲಿ ಜೆರ್ರಿಯ ಪ್ರತಿಬಿಂಬವನ್ನೂ ಬಿಡಿಸಿದ್ದಾರೆ, ಅದನ್ನು ಮೊದಲು ಯಾರು ಗುರುತಿಸುತ್ತಾರೆ ನೋಡೋಣ ಎಂದು ಮಕ್ಕಳಿಗೆ ಹೇಳಿ ಕೂರಿಸಿದರೆ, ಮುಗಿದ ಕೂಡಲೇ ಇನ್ನೊಮ್ಮೆ ಹಾಕಿ ಎನ್ನುತ್ತಾರೆ. ಅರ್ಧ ಗಂಟೆಯಲ್ಲಿ ಅದನ್ನು ಎರಡು ಮೂರು ಸಲ ತೋರಿಸಲು ಸಮಯ ಸಾಲುತ್ತದೆ.